ಕೇಳದ ಕಿವಿ, ತಪ್ಪದ ಮಾತು

ಕಂಪೆನಿ ನಾಟಕಗಳ ಕಾಲದಲ್ಲಿ ರಂಗದ ಪಕ್ಕದ ಪರದೆಯ ಮರೆಯಲ್ಲಿ ಪುಸ್ತಕ ಹಿಡಿದು ನಿಂತವನೊಬ್ಬ ಇರುತ್ತಿದ್ದ. ನಟ ಮಾತು ಮರೆತರೆ ಮೆಲ್ಲಗೆ ಮೊದಲ ಪದ ಎತ್ತಿಕೊಡುವುದು ಅವನ ಕೆಲಸ. ಹುಲಿಯಂಥ ನಟರೂ ಒಮ್ಮೊಮ್ಮೆ ಅವನತ್ತ ಕಿವಿ ಕೊಡಬೇಕಾಗುತ್ತಿತ್ತು. ಆದರೆ ಆ ಕಿವಿಯೇ ಕೇಳದಿದ್ದರೆ? ಟಿ.ಎನ್. ಬಾಲಕೃಷ್ಣ ಮುಖಕ್ಕೆ ಬಣ್ಣ ಹಚ್ಚಿದಷ್ಟು ಕಾಲವೂ ಎದುರಿಸಿದ ಪ್ರಶ್ನೆ ಇದು.

ಕಳೆದ ಶತಮಾನದ ಎರಡನೆಯ ದಶಕದಲ್ಲಿ ಅರಸೀಕೆರೆಯಲ್ಲಿ ಹುಟ್ಟಿದ ಬಾಲಕೃಷ್ಣ ಅವರಿಗೆ ಚಿಕ್ಕಂದಿನಿಂದಲೇ ಶ್ರವಣದೋಷ. ಬಡತನ ಬೇರೆ. ಇಂಥವರು ಹೊಟ್ಟೆಪಾಡಿಗೆ ಆರಿಸಿಕೊಂಡದ್ದು ಮಾತೇ ಬಂಡವಾಳವಾದ ನಾಟಕದ ಕಸುಬನ್ನು! ಕಿವಿಯ ಕೆಲಸವನ್ನು ಅವರು ಕಣ್ಣಿಗೂ ನೆನಪಿಗೂ ಹಂಚಿಕೊಟ್ಟರು. ತಮ್ಮ ಮಾತಿನ ಜತೆಗೆ ಎದುರು ಪಾತ್ರದ ಮಾತನ್ನೂ ಕಂಠಪಾಠ ಮಾಡುವುದು, ಅವರ ತುಟಿಯ ಚಲನೆ ನೋಡಿ ಮಾತು ಎಲ್ಲಿಗೆ ಮುಗಿಯಿತೆಂದು ಗುರುತಿಸಿ, ತಕ್ಷಣ ತಮ್ಮ ಮಾತನ್ನು ಎತ್ತಿಕೊಳ್ಳುವುದು.

ಓದಲು ಇದು ಸುಲಭವಾಗಿ ಕಾಣಬಹುದು. ಎದುರಿನವರು ಮುಖ ತಿರುಗಿಸಿದರೆ, ಒಂದು ಸಾಲು ಹಾರಿಸಿದರೆ, ಆ ಹೊತ್ತಿಗೆ ತೋಚಿದ ಒಂದು ಚಟಾಕಿ ಸೇರಿಸಿದರೆ ಲೆಕ್ಕವೆಲ್ಲ ತಲೆಕೆಳಗು. ಅದರಲ್ಲೂ ಹಾಸ್ಯ. ಗಂಭೀರ ಪಾತ್ರಧಾರಿ ಅರೆಗಳಿಗೆ ತಡೆದು ಮಾತಾಡಿದರೆ ಜನ ಅದನ್ನೂ ಅಭಿನಯವೆಂದುಕೊಳ್ಳುತ್ತಾರೆ. ಹಾಸ್ಯಗಾರ ತಡೆದರೆ ನಗುವೇ ಸತ್ತಿತು. ಬಾಲಕೃಷ್ಣ ನಗಿಸಿದರು, ಅದೂ ದಶಕಗಳ ಕಾಲ. ತೆರೆಯ ಮೇಲೆ ಅವರನ್ನು ಕಂಡು ನಕ್ಕ ಎಷ್ಟೋ ಜನರಿಗೆ ಅವರ ಕಿವಿಯ ಸಂಗತಿ ಗೊತ್ತೇ ಇರಲಿಲ್ಲ.

1943ರ ‘ರಾಧಾರಮಣ’ ಅವರನ್ನು ಚಿತ್ರರಂಗಕ್ಕೆ ತಂದಿತು. ಜಿ.ವಿ. ಅಯ್ಯರ್ ಅವರಿಗೂ ಅದೇ ಮೊದಲ ಚಿತ್ರ. ಕನ್ನಡ ಚಿತ್ರಗಳು ಬಹುಪಾಲು ಮದರಾಸಿನಲ್ಲಿ ತಯಾರಾಗುತ್ತಿದ್ದ ದಿನಗಳವು. ವರ್ಷಕ್ಕೆ ಬೆರಳೆಣಿಕೆಯ ಚಿತ್ರ. ಕಲಾವಿದರಿಗೆ ಕೆಲಸವೇ ಇಲ್ಲ. ಆಗ ರಾಜಕುಮಾರ್, ನರಸಿಂಹರಾಜು, ಅಯ್ಯರ್ ಮತ್ತು ಬಾಲಕೃಷ್ಣ ಸೇರಿ ಕನ್ನಡ ಚಲನಚಿತ್ರ ಕಲಾವಿದರ ಸಂಘ ಕಟ್ಟಿದರು. ಸಿನಿಮಾದವರು ಮತ್ತೆ ನಾಟಕ ಹಿಡಿದು ಊರೂರು ಸುತ್ತಿದರು. 1960ರಲ್ಲಿ ಇದೇ ಸಂಘದಿಂದ ‘ರಣಧೀರ ಕಂಠೀರವ’ ಹೊರಬಂತು. ನಾಯಕನಟನನ್ನು ಬಿಟ್ಟರೆ ಉಳಿದ ಮೂವರೂ ಪೋಷಕ ಪಾತ್ರಗಳಲ್ಲಿ ಬೆಳೆದವರು ಎಂಬುದು ಇಲ್ಲಿ ಗಮನಿಸಬೇಕಾದ ಮಾತು.

ಬಾಲಣ್ಣ ಎಂದೊಡನೆ ಜನರ ಕಣ್ಣಿಗೆ ಕಟ್ಟುವುದು ಕುಹಕದ ನಗೆ, ರಾಗವೆಳೆದ ಮಾತು, ಊರು ಒಡೆಯುವ ಕಿತಾಪತಿಯ ಮನುಷ್ಯ. ಅವರ ದುಷ್ಟನಲ್ಲಿ ಹಾಸ್ಯವೂ ಬೆರೆತಿರುತ್ತಿದ್ದುದರಿಂದ ಬೈಯುತ್ತಲೇ ನಗಬೇಕಾಗುತ್ತಿತ್ತು. ಆದರೆ 1972ರ ‘ಬಂಗಾರದ ಮನುಷ್ಯ’ದಲ್ಲಿ ರಾಜೀವನ ಬೆನ್ನಿಗೆ ನಿಲ್ಲುವ ರಾಚೂಟಪ್ಪನಾಗಿ ಅವರು ಕಾಣಿಸಿದ ರೀತಿಯೇ ಬೇರೆ. ಅಲ್ಲಿ ಕೊಂಕಿಲ್ಲ, ಮಾತಿಗೆ ಮಣ್ಣಿನ ವಾಸನೆ ಇದೆ. ನನಗೆ ಕೇಳಿದರೆ ಬಾಲಣ್ಣನ ಶ್ರೇಷ್ಠ ಪಾತ್ರ ಇದೇ. ಅವರು ಅಭಿನಯಿಸಿದ ಚಿತ್ರಗಳು 500ಕ್ಕೂ ಮಿಕ್ಕು ಎಂದು ಲೆಕ್ಕ ಹೇಳುವುದುಂಟು.

ಇಷ್ಟು ಚಿತ್ರಗಳ ಸಂಪಾದನೆ ಹೋದದ್ದೆಲ್ಲಿಗೆ? ಬಹುಪಾಲು ಅಭಿಮಾನ್ ಸ್ಟುಡಿಯೋಗೆ. ಕನ್ನಡ ಚಿತ್ರಗಳು ಕನ್ನಡನಾಡಿನಲ್ಲೇ ತಯಾರಾಗಬೇಕೆಂಬ ಹಟದಿಂದ, ಬೆಂಗಳೂರಿನ ಹೊರವಲಯದಲ್ಲಿ ಕೆಂಗೇರಿ–ಉತ್ತರಹಳ್ಳಿ ಕಡೆ ಸರ್ಕಾರದಿಂದ ದೊರೆತ 20 ಎಕರೆ ಜಾಗದಲ್ಲಿ ಅವರು ಸ್ಟುಡಿಯೋ ಕಟ್ಟಹೊರಟರು. ಮದರಾಸಿನಲ್ಲಿ ಸ್ಟುಡಿಯೋ ಎಂದರೆ ಬಂಡವಾಳಗಾರರ ಉದ್ಯಮ. ದಿನದ ಸಂಭಾವನೆ ನಂಬಿದ ಪೋಷಕ ನಟನಿಗೆ ಅದು ಎತ್ತಲಾಗದ ಭಾರ. ಸಾಲ ಬೆಳೆಯಿತು, ಸ್ಟುಡಿಯೋ ಅಂದುಕೊಂಡಂತೆ ಬೆಳೆಯಲಿಲ್ಲ. 1995ರ ಜುಲೈ 19ರಂದು ಬಾಲಕೃಷ್ಣ ತೀರಿಕೊಂಡರು.

2009ರ ಡಿಸೆಂಬರ್‌ನಲ್ಲಿ ವಿಷ್ಣುವರ್ಧನ್ ನಿಧನರಾದಾಗ ಅಂತ್ಯಕ್ರಿಯೆ ನಡೆದದ್ದು ಇದೇ ಜಾಗದಲ್ಲಿ. ಅಲ್ಲಿಂದ ಮುಂದೆ ಅಭಿಮಾನ್ ಸ್ಟುಡಿಯೋ ಎಂದರೆ ವಿಷ್ಣು ಸಮಾಧಿ ಎಂದಾಯಿತು. 2025ರ ಆಗಸ್ಟ್‌ನಲ್ಲಿ ಆ ಸಮಾಧಿಯನ್ನು ರಾತ್ರೋರಾತ್ರಿ ತೆರವುಗೊಳಿಸಿದಾಗ ನಾಡೆಲ್ಲ ಗದ್ದಲವೆದ್ದಿತು. ಪತ್ರಿಕೆಗಳು ಜಮೀನಿನ ಹಿನ್ನೆಲೆ ಕೆದಕಿದವು. ಹಾಗೆ ಎಷ್ಟೋ ವರ್ಷಗಳ ಮೇಲೆ ಬಾಲಣ್ಣನ ಹೆಸರು ಮತ್ತೆ ಮುಖಪುಟಕ್ಕೆ ಬಂತು, ಸರ್ವೆ ನಂಬರಿನ ಜತೆಗೆ.