ಸರ್ಕಾರಿ ನೇಮಕಾತಿ ಪರೀಕ್ಷೆಯ ಫಲಿತಾಂಶ ಮತ್ತು ನ್ಯಾಯಾಲಯ: ಕರ್ನಾಟಕದ ಇತಿಹಾಸ

ಸರ್ಕಾರಿ ಹುದ್ದೆಗಳ ಪರೀಕ್ಷೆಯ ಕೀ ಉತ್ತರ, ಮೌಲ್ಯಮಾಪನ, ಮೀಸಲಾತಿ ಲೆಕ್ಕ ಅಥವಾ ಆಯ್ಕೆ ಪಟ್ಟಿಯನ್ನು ಅಭ್ಯರ್ಥಿಗಳು ನ್ಯಾಯಾಲಯದಲ್ಲಿ ಪ್ರಶ್ನಿಸುತ್ತ ಬಂದ ಇತಿಹಾಸ ಕರ್ನಾಟಕದಲ್ಲಿ ದೀರ್ಘವಾದುದು. ಗದಗ ಜಿಲ್ಲೆಯ ಶಿರಹಟ್ಟಿ ತಾಲ್ಲೂಕಿನ ಬೆಳ್ಳಟ್ಟಿಯಂಥ ಊರುಗಳಿಂದ ಧಾರವಾಡದ ಸಪ್ತಾಪುರಕ್ಕೆ ಹೋಗಿ, ಕೋಣೆ ಹಿಡಿದು ಓದುವ ಯುವಕ ಯುವತಿಯರಿಗೆ ಈ ವ್ಯಾಜ್ಯಗಳು ದೂರದ ಸುದ್ದಿಯಲ್ಲ. ಒಂದು ತಡೆಯಾಜ್ಞೆ ಬಂದರೆ ವಯೋಮಿತಿಯ ಎರಡು ವರ್ಷ ಹೋಗಿಬಿಡಬಹುದು.

ರಾಜ್ಯದ ಲೋಕಸೇವಾ ಆಯೋಗ (ಕೆಪಿಎಸ್‌ಸಿ) 1951ರಲ್ಲಿ ಮೈಸೂರು ರಾಜ್ಯದಲ್ಲಿ ಆರಂಭವಾಯಿತು. ಮೊದಲೆಲ್ಲ ತಕರಾರುಗಳು ರಿಟ್ ಅರ್ಜಿಯಾಗಿ ನೇರವಾಗಿ ಹೈಕೋರ್ಟಿಗೆ ಹೋಗುತ್ತಿದ್ದವು. 1985ರ ಆಡಳಿತಾತ್ಮಕ ನ್ಯಾಯಮಂಡಳಿ ಕಾಯ್ದೆಯ ಬಳಿಕ, 1986ರಲ್ಲಿ ಕರ್ನಾಟಕ ಆಡಳಿತ ನ್ಯಾಯಮಂಡಳಿ (ಕೆಎಟಿ) ಕೆಲಸ ಶುರುಮಾಡಿತು; ತಕರಾರುಗಳು ಮೊದಲು ಅಲ್ಲಿಗೆ ಹೋಗತೊಡಗಿದವು. ಮಂಡಳಿಯ ತೀರ್ಪನ್ನು ಹೈಕೋರ್ಟಿನ ವಿಭಾಗೀಯ ಪೀಠದಲ್ಲಿ ಪ್ರಶ್ನಿಸಬಹುದು ಎಂದು 1997ರಲ್ಲಿ ಎಲ್. ಚಂದ್ರಕುಮಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಗದಗ ಸೀಮೆಯವರಿಗೆ ಹೈಕೋರ್ಟ್ ಹತ್ತಿರವಾದದ್ದು 2008ರಲ್ಲಿ, ಧಾರವಾಡದಲ್ಲಿ ಸಂಚಾರಿ ಪೀಠ ಬಂದಾಗ. 2013ರಲ್ಲಿ ಅದು ಕಾಯಂ ಆಯಿತು. ಕೆಎಟಿಗೂ ಈಗ ಬೆಳಗಾವಿ, ಕಲಬುರಗಿಗಳಲ್ಲಿ ಪೀಠಗಳಿವೆ.

ನ್ಯಾಯಾಲಯಗಳು ಸಾಮಾನ್ಯವಾಗಿ ಪರೀಕ್ಷಕರ ಜಾಗದಲ್ಲಿ ಕೂರಲು ಒಪ್ಪುವುದಿಲ್ಲ. ಕೀ ಉತ್ತರ ಸರಿಯೆಂದೇ ಭಾವಿಸಬೇಕು, ತಪ್ಪೆಂಬುದು ಎದ್ದು ಕಾಣುವಂತಿದ್ದರೆ ಮಾತ್ರ ಕೈಹಾಕಬೇಕು ಎಂಬ ನಿಲುವು 1983ರ ಕಾನ್ಪುರ ವಿಶ್ವವಿದ್ಯಾಲಯದ ಪ್ರಕರಣದಿಂದ ಬಂದದ್ದು. ಪಟ್ಟಿಯಲ್ಲಿ ಹೆಸರಿದ್ದ ಮಾತ್ರಕ್ಕೆ ಹುದ್ದೆಯ ಹಕ್ಕು ಹುಟ್ಟುವುದಿಲ್ಲವೆಂದು 1991ರ ಶಂಕರ್ಸನ್ ದಾಸ್ ತೀರ್ಪು ಹೇಳಿತು. ಉತ್ತರ ಪತ್ರಿಕೆಯನ್ನು ನೋಡಲು ಮಾಹಿತಿ ಹಕ್ಕಿನಡಿ ಕೇಳಬಹುದೆಂದು 2011ರಲ್ಲಿ ಬಂದ ಸಿಬಿಎಸ್‌ಇ ಪ್ರಕರಣದ ತೀರ್ಪು ಅಭ್ಯರ್ಥಿಗಳ ಕೈ ಬಲಪಡಿಸಿತು. ಆದರೆ ನೇಮಕಾತಿ ಆಯೋಗಗಳ ಮಟ್ಟಿಗೆ ಆ ದಾರಿಯನ್ನು 2018ರ ತೀರ್ಪೊಂದು ಮತ್ತೆ ಕಿರಿದುಮಾಡಿದೆ.

ಕರ್ನಾಟಕದ ಅತಿ ದೀರ್ಘ ಕಥೆಗಳಲ್ಲೊಂದು 1998ರ ಗೆಜೆಟೆಡ್ ಪ್ರೊಬೇಷನರ್ ತಂಡದ್ದು. ಮೌಲ್ಯಮಾಪನದಲ್ಲೂ ಆಯ್ಕೆಯಲ್ಲೂ ಅಕ್ರಮವಾಗಿದೆಯೆಂದು ಅವಕಾಶ ತಪ್ಪಿದವರು ದೂರಿದರು. ಹೈಕೋರ್ಟ್ ಪಟ್ಟಿಯನ್ನು ಪರಿಷ್ಕರಿಸಲು 2016ರ ಜೂನ್‌ನಲ್ಲಿ ಆದೇಶಿಸಿತು. 2018ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿಯಿತು. ಪರಿಷ್ಕೃತ ಪಟ್ಟಿ ಹೊರಬಿದ್ದದ್ದು 2019ರ ಜನವರಿಯಲ್ಲಿ. ಅಷ್ಟರಲ್ಲಿ ಮೊದಲ ಪಟ್ಟಿಯಿಂದ ಆಯ್ಕೆಯಾದವರು ಬಡ್ತಿಗಳನ್ನೂ ಪಡೆದಿದ್ದರು. ಮೊದಲೇ ಸಿಗಬೇಕಿದ್ದ ಹುದ್ದೆ ನಡುವಯಸ್ಸಿನಲ್ಲಿ ದಕ್ಕುವುದು ಪೂರ್ತಿ ನ್ಯಾಯವಲ್ಲ. ಕಳೆದುಹೋದ ಸೇವಾವಧಿಯನ್ನು ಯಾವ ತೀರ್ಪೂ ತುಂಬಿಕೊಡಲಾರದು.

2011ರ 362 ಗೆಜೆಟೆಡ್ ಪ್ರೊಬೇಷನರ್ ಹುದ್ದೆಗಳ ನೇಮಕಾತಿಯಲ್ಲಿ ಹಾದಿ ಬೇರೆಯಾಯಿತು. ಅಭ್ಯರ್ಥಿಯೊಬ್ಬರ ದೂರಿನ ಮೇಲೆ 2013ರಲ್ಲಿ ಸಿಐಡಿ ತನಿಖೆ ನಡೆದು, 2014ರ ಆಗಸ್ಟ್‌ನಲ್ಲಿ ಸರ್ಕಾರ ಇಡೀ ನೇಮಕಾತಿಯನ್ನೇ ಹಿಂಪಡೆಯಿತು. 2016ರಲ್ಲಿ ಕೆಎಟಿ ಆ ಆದೇಶವನ್ನು ರದ್ದುಮಾಡಿತು. 2018ರ ಮಾರ್ಚ್‌ನಲ್ಲಿ ಹೈಕೋರ್ಟ್ ಕೆಎಟಿಯ ತೀರ್ಪನ್ನು ತಳ್ಳಿಹಾಕಿತು. ಕೊನೆಗೆ 2022ರಲ್ಲಿ ವಿಧಾನಮಂಡಲ ಆಯ್ಕೆಯನ್ನು ಸಿಂಧುಗೊಳಿಸುವ ಕಾಯ್ದೆಯನ್ನೇ ತಂದಿತು. ಅಕ್ರಮದ ಆರೋಪ ಹೊತ್ತ ಪಟ್ಟಿಗೆ ಶಾಸನದ ಮುದ್ರೆ ಒತ್ತಿದ ಈ ಕ್ರಮ, ನ್ಯಾಯಾಲಯದ ಮಾತಿಗಿದ್ದ ತೂಕವನ್ನು ಕುಗ್ಗಿಸಿತೆಂದೇ ಹೇಳಬೇಕು.

ಕಳ್ಳರನ್ನೂ ಪ್ರಾಮಾಣಿಕರನ್ನೂ ಬೇರ್ಪಡಿಸಲು ಸಾಧ್ಯವೇ ಎಂಬ ಪ್ರಶ್ನೆ 545 ಪೊಲೀಸ್ ಸಬ್ ಇನ್‌ಸ್ಪೆಕ್ಟರ್ (ಪಿಎಸ್‌ಐ) ಹುದ್ದೆಗಳ ಪ್ರಕರಣದಲ್ಲಿ ಮತ್ತೆ ಎದ್ದಿತು. 2021ರ ಅಕ್ಟೋಬರ್ 3ರ ಪರೀಕ್ಷೆಯಲ್ಲಿ ಒಎಂಆರ್ ಹಾಳೆ ತಿದ್ದಿದ್ದು ಬಯಲಾಗಿ, ನೇಮಕಾತಿ ವಿಭಾಗದ ಹೊಣೆ ಹೊತ್ತಿದ್ದ ಎಡಿಜಿಪಿಯೇ ಬಂಧನಕ್ಕೊಳಗಾದರು. ಸರ್ಕಾರ 2022ರ ಏಪ್ರಿಲ್‌ನಲ್ಲಿ ಪರೀಕ್ಷೆಯನ್ನು ರದ್ದುಪಡಿಸಿದಾಗ, ತಪ್ಪು ಮಾಡದವರೂ ಶಿಕ್ಷೆ ಉಣ್ಣಬೇಕೇ ಎಂದು ಆಯ್ಕೆಯಾದವರು ಕೋರ್ಟಿಗೆ ಹೋದರು. 2023ರ ನವೆಂಬರ್‌ನಲ್ಲಿ ಹೈಕೋರ್ಟ್ ರದ್ದತಿಯನ್ನು ಎತ್ತಿಹಿಡಿದು, ಸ್ವತಂತ್ರ ಸಂಸ್ಥೆಯಿಂದ ಮರುಪರೀಕ್ಷೆಗೆ ಸೂಚಿಸಿತು. ಕರ್ನಾಟಕ ಪರೀಕ್ಷಾ ಪ್ರಾಧಿಕಾರ 2024ರ ಜನವರಿ 23ರಂದು ಅದನ್ನು ನಡೆಸಿತು.

ಅದೇ ವರ್ಷ 384 ಗೆಜೆಟೆಡ್ ಪ್ರೊಬೇಷನರ್ ಹುದ್ದೆಗಳ ಪೂರ್ವಭಾವಿ ಪರೀಕ್ಷೆಯಲ್ಲಿ ಕನ್ನಡ ಪ್ರಶ್ನೆಗಳ ಅನುವಾದವೇ ತಪ್ಪಾಗಿತ್ತು. ಆಗಸ್ಟ್ 27ರ ಪರೀಕ್ಷೆಯನ್ನು ಡಿಸೆಂಬರ್ 29ರಂದು ಮತ್ತೆ ನಡೆಸಿದರೂ ದೋಷಗಳು ಮರುಕಳಿಸಿದವು, ವ್ಯಾಜ್ಯ ಕೆಎಟಿಗೂ ಹೈಕೋರ್ಟಿಗೂ ಹೋಯಿತು. ಇಲ್ಲಿ ಹೆಚ್ಚು ನಷ್ಟವಾದದ್ದು ಕನ್ನಡ ಮಾಧ್ಯಮದಲ್ಲಿ ಓದಿಬಂದ ಹಳ್ಳಿಯ ಮಕ್ಕಳಿಗೆ. ಪ್ರಶ್ನೆಯನ್ನು ಅರ್ಥಮಾಡಿಕೊಳ್ಳಲು ಪಕ್ಕದ ಇಂಗ್ಲಿಷ್ ಸಾಲನ್ನು ನೋಡಬೇಕಾದ ಸ್ಥಿತಿ ಅವರದು.