ತಾಳೆಯಾದ ಲೆಕ್ಕವೆಲ್ಲ ಸತ್ಯವೇ?

ಚಾವುಂಡರಾಯನ ಗುರುಗಳೂ ‘ಗೊಮ್ಮಟಸಾರ’ದ ಕರ್ತೃಗಳೂ ಆದ ಆಚಾರ್ಯ ನೇಮಿಚಂದ್ರ ಸಿದ್ಧಾಂತ ಚಕ್ರವರ್ತಿಗಳನ್ನು ಅರಿಯದ ಶ್ರಾವಕರು ವಿರಳ. ಕ್ರಿ.ಶ. 10ನೆಯ ಶತಮಾನದ ಈ ಆಚಾರ್ಯರ ‘ತ್ರಿಲೋಕಸಾರ’ದಲ್ಲಿ ಲೋಕವರ್ಣನೆಯೊಡನೆ ಕ್ಷೇತ್ರಗಣಿತವೂ ಅಡಕವಾಗಿದೆ.

ಜಂಬೂದ್ವೀಪವು 1 ಲಕ್ಷ ಯೋಜನ ವ್ಯಾಸದ ವೃತ್ತವೆಂದೂ ಭರತಕ್ಷೇತ್ರದ ವಿಸ್ತಾರ 526 6/19 ಯೋಜನವೆಂದೂ ತತ್ತ್ವಾರ್ಥಸೂತ್ರ ಹೇಳುತ್ತದೆ. ವೃತ್ತದ ದಕ್ಷಿಣದ ಅಂಚಿನಲ್ಲಿರುವ ಭರತಕ್ಷೇತ್ರದ ಆಕಾರ ಬಿಲ್ಲಿನದು. ಬಾಗಿದ ಅಂಚು ಧನು. ತುದಿಗಳನ್ನು ಸೇರಿಸುವ ನೇರ ಹೆದೆ ಜೀವಾ. ಹೆದೆಯ ನಡುವಿನಿಂದ ಬಿಲ್ಲಿನ ನಡುವಿಗಿರುವ ಅಂತರ ಬಾಣ. ವ್ಯಾಸದಲ್ಲಿ ಬಾಣವನ್ನು ಕಳೆದು, ಉಳಿದುದನ್ನು ಬಾಣದ ನಾಲ್ಮಡಿಯಿಂದ ಗುಣಿಸಿದರೆ ಜೀವಾದ ವರ್ಗ ಬರುತ್ತದೆ. ವ್ಯಾಸ 10, ಬಾಣ 2 ಆದರೆ 8×8=64; ಜೀವಾ 8. ಇದೇ ಕ್ರಮದಿಂದ ಭರತಕ್ಷೇತ್ರದ ಜೀವಾ 14,471 5/19 ಯೋಜನಕ್ಕಿಂತ ತುಸು ಹೆಚ್ಚು.

ಜೀವಾ ತಿಳಿದು ವ್ಯಾಸ ತಿಳಿಯದಿದ್ದರೆ? ಸೂತ್ರ ಅದೇ, ಅಜ್ಞಾತರಾಶಿಯ ಸ್ಥಾನ ಮಾತ್ರ ಬದಲಾಗುತ್ತದೆ. ಗುಣಿಸಿದ್ದನ್ನು ಭಾಗಿಸಬೇಕು, ಕಳೆದುದನ್ನು ಕೂಡಬೇಕು. ಜೀವಾದ ವರ್ಗವನ್ನು ಬಾಣದ ನಾಲ್ಮಡಿಯಿಂದ ಭಾಗಿಸಿ ಬಾಣವನ್ನು ಕೂಡಿದರೆ ವ್ಯಾಸ: 64÷8=8, 8+2=10. ಬಾಣವೇ ಬೇಕಾದರೆ ವ್ಯಾಸದ ವರ್ಗದಲ್ಲಿ ಜೀವಾದ ವರ್ಗವನ್ನು ಕಳೆದು, ಮೂಲ ತೆಗೆದು, ಅದನ್ನು ವ್ಯಾಸದಲ್ಲಿ ಕಳೆದು ಅರ್ಧಿಸಬೇಕು: 100−64=36, ಮೂಲ 6; 10−6=4, ಅರ್ಧ 2. ಮೂರರಲ್ಲಿ ಎರಡು ತಿಳಿದರೆ ಮೂರನೆಯದು ಮರೆಯಾಗಿರಲಾರದು.

ಇದು ಶಾಸ್ತ್ರಕ್ಕಷ್ಟೇ ಸೀಮಿತವಲ್ಲ. ಕೆಂಚಾರ್ಲಹಳ್ಳಿಯಂತಹ ಬಯಲುಸೀಮೆಯ ಊರುಗಳಲ್ಲಿ ಕೆರೆಯ ಏರಿ ಬಿಲ್ಲಿನಂತೆ ಬಾಗಿರುವುದುಂಟು. ಏರಿಯ ತುದಿಯಿಂದ ತುದಿಗೆ ನೇರ ಅಳತೆ 80 ಮೀಟರ್, ನಡುವಿನ ಬಾಗು 20 ಮೀಟರ್ ಎಂದುಕೊಳ್ಳೋಣ. 6400ನ್ನು 80ರಿಂದ ಭಾಗಿಸಿ 20 ಕೂಡಿದರೆ, ಆ ಬಾಗು 100 ಮೀಟರ್ ವ್ಯಾಸದ ವೃತ್ತದ ಭಾಗವೆಂದು ತಿಳಿಯುತ್ತದೆ.

ಹೀಗೆ ಹಿಂದಿರುಗಿಸಿದ ಲೆಕ್ಕ ಮೂಲಕ್ಕೇ ಬಂದು ನಿಂತರೆ ಸಾಕೇ? ಧನುವಿನ ಸೂತ್ರವನ್ನು ನೋಡಿರಿ. ಬಾಣದ ವರ್ಗದ ಆರುಮಡಿಗೆ ಜೀವಾದ ವರ್ಗವನ್ನು ಕೂಡಿ ಮೂಲ ತೆಗೆದರೆ ಧನು. ಬಾಣ 5, ಜೀವಾ 10 ಇರುವ ಅರ್ಧವೃತ್ತದಲ್ಲಿ 250ರ ಮೂಲ 15.81. ತಿರುಗಿಸಿದರೆ 250−100=150, ಆರರಿಂದ ಭಾಗಿಸಿದರೆ 25, ಮೂಲ 5. ತಾಳೆಯಾಯಿತು! ಆದರೆ ನಿಜವಾದ ಧನು 15.71. ಜೀವಾದ ಸೂತ್ರ ನಿಷ್ಕೃಷ್ಟ, ಧನುವಿನ ಸೂತ್ರ ಸಮೀಪದ್ದು. ಪರಿಧಿಗೆ ವ್ಯಾಸದ 3.1416 ಮಡಿಯ ಬದಲು 10ರ ವರ್ಗಮೂಲವಾದ 3.1623 ಮಡಿಯನ್ನು ಹಿಡಿದುದೇ ಕಾರಣ. ವಿಲೋಮಕ್ರಿಯೆ ಗಣಿಸುವವನ ತಪ್ಪನ್ನು ತೋರಿಸೀತು, ಸೂತ್ರದ ಕೊರತೆಯನ್ನು ತೋರಿಸದು.

ಲೆಕ್ಕಪತ್ರ ಬಲ್ಲವರಿಗೆ ಇದು ಹೊಸತಲ್ಲ. ದಾನಿಯೊಬ್ಬರ ಹಣ ಪುಸ್ತಕಕ್ಕೇ ಬಾರದಿದ್ದರೂ ತಾಳೆಪಟ್ಟಿಯ ಎರಡು ಬದಿಗಳು ಸಮನಾಗಿಯೇ ಇರುತ್ತವೆ. ಆದುದರಿಂದ ಬಸದಿಯ ಟ್ರಸ್ಟಿಗಳು ಮೊತ್ತ ಸರಿಹೊಂದಿತೆಂದು ತೃಪ್ತರಾಗದೆ ರಸೀದಿಯನ್ನೂ ಪೆಟ್ಟಿಗೆಯನ್ನೂ ಎದುರಿಟ್ಟು ನೋಡಬೇಕು.

ಅಮೋಘವರ್ಷ ನೃಪತುಂಗನ ಕಾಲದಲ್ಲಿ, ಸುಮಾರು ಕ್ರಿ.ಶ. 850ರಲ್ಲಿ, ‘ಗಣಿತಸಾರಸಂಗ್ರಹ’ವನ್ನು ರಚಿಸಿದ ಮಹಾವೀರಾಚಾರ್ಯರು ವ್ಯಾಸದ ಮೂರುಮಡಿ ಪರಿಧಿಯನ್ನು ವ್ಯಾವಹಾರಿಕವೆಂದೂ 10ರ ಮೂಲದಿಂದ ಬಂದುದನ್ನು ಸೂಕ್ಷ್ಮವೆಂದೂ ಬೇರ್ಪಡಿಸಿ ಹೇಳಿದರು. ಇಂದು ಅವರ ಸೂಕ್ಷ್ಮಕ್ಕಿಂತಲೂ ಸೂಕ್ಷ್ಮವಾದುದು ತಿಳಿದಿದೆ. ಹಾಗೆಂದು ಒಪ್ಪಿಕೊಳ್ಳುವುದರಿಂದ ಪೂರ್ವಾಚಾರ್ಯರ ಗೌರವಕ್ಕೆ ಕುಂದಿಲ್ಲ. ಯಾವುದು ಎಷ್ಟರಮಟ್ಟಿಗೆ ನಿಜವೆಂದು ಹೇಳುವ ಸತ್ಯವ್ರತವನ್ನು ಕಲಿಸಿದವರು ಅವರೇ.