ಟೋಲ್ಕಿನ್, ಜೆ.ಆರ್.ಆರ್.: ಪ್ರಕಟಿತ ಕೃತಿಗಳು

ಇಂಗ್ಲಿಷ್ ಭಾಷಾವಿದ್ವಾಂಸ ಹಾಗೂ ಕಥೆಗಾರ ಜಾನ್ ರೊನಾಲ್ಡ್ ರೂಯೆಲ್ ಟೋಲ್ಕಿನ್ (1892-1973) 1920ರಿಂದ ಲೀಡ್ಸ್ ವಿಶ್ವವಿದ್ಯಾಲಯದಲ್ಲೂ 1925ರಿಂದ 1959ರವರೆಗೆ ಆಕ್ಸ್‌ಫರ್ಡ್‌ನಲ್ಲೂ ಅಧ್ಯಾಪಕನಾಗಿದ್ದ. ಆಕ್ಸ್‌ಫರ್ಡ್‌ನ ಮೊದಲ ಇಪ್ಪತ್ತು ವರ್ಷ ಪ್ರಾಚೀನ ಇಂಗ್ಲಿಷ್ ಪೀಠದಲ್ಲಿ, ಆಮೇಲೆ ಇಂಗ್ಲಿಷ್ ಭಾಷೆ ಮತ್ತು ಸಾಹಿತ್ಯದ ಮರ್ಟನ್ ಪೀಠದಲ್ಲಿ. ಈತನ ಹೆಸರನ್ನು ಲೋಕಕ್ಕೆಲ್ಲ ಹಬ್ಬಿಸಿದವು 'ದಿ ಹಾಬಿಟ್' ಮತ್ತು 'ದಿ ಲಾರ್ಡ್ ಆಫ್ ದಿ ರಿಂಗ್ಸ್'. ಆದರೆ ಹಳೆಯ ಹಸ್ತಪ್ರತಿಗಳನ್ನು ಓದಿ, ಪಾಠ ನಿರ್ಣಯಿಸಿ, ಪದಕೋಶ ಕಟ್ಟುವುದು ಈತನ ನಿತ್ಯದ ಕಸುಬು. ಕಥೆಗಳನ್ನು ಬರೆದ ರೀತಿಯಲ್ಲೂ ಅವು ಅಚ್ಚಾದ ರೀತಿಯಲ್ಲೂ ಈ ಕಸುಬಿನ ಗುರುತಿದೆ. ಆದ್ದರಿಂದ ಈ ಲೇಖನದಲ್ಲಿ ವಿದ್ವತ್ ಬರಹಗಳಿಗೆ ಹೆಚ್ಚಿನ ಸ್ಥಳ ಸಂದಿದೆ.

ಕೋಶ ಮತ್ತು ಸಂಪಾದನೆ

ಮೊದಲ ಮಹಾಯುದ್ಧದಲ್ಲಿ ಸೊಮ್ ರಣರಂಗದಿಂದ ಜ್ವರ ಹಿಡಿದು ಮರಳಿದ ಟೋಲ್ಕಿನ್ 1919-20ರಲ್ಲಿ ಹೆನ್ರಿ ಬ್ರ್ಯಾಡ್ಲಿಯ ಕೈಕೆಳಗೆ ಆಕ್ಸ್‌ಫರ್ಡ್ ಇಂಗ್ಲಿಷ್ ನಿಘಂಟಿನ ಕೆಲಸಕ್ಕೆ ಸೇರಿದ. ಡಬ್ಲ್ಯು ಅಕ್ಷರದ ಕೆಲವು ಪದಗಳು ಈತನ ಪಾಲಿಗೆ ಬಂದವು. ವಾಲ್ರಸ್ ಎಂಬ ಪದದ ವ್ಯುತ್ಪತ್ತಿಯನ್ನು ಮತ್ತೆ ಮತ್ತೆ ತಿದ್ದಿ ಬರೆದ ಚೀಟಿಗಳು ಉಳಿದಿವೆ. ಮೊದಲ ಸ್ವತಂತ್ರ ಪ್ರಕಟಣೆಯೂ ಕೋಶವೇ: ಕೆನೆತ್ ಸಿಸಮ್ ಸಂಪಾದಿಸಿದ್ದ ಹದಿನಾಲ್ಕನೆಯ ಶತಮಾನದ ಗದ್ಯಪದ್ಯ ಸಂಕಲನಕ್ಕಾಗಿ ಸಿದ್ಧಪಡಿಸಿದ 'ಎ ಮಿಡಲ್ ಇಂಗ್ಲಿಷ್ ವೊಕ್ಯಾಬ್ಯುಲರಿ' (1922). ಅಪರೂಪದ ಪದಗಳಿಗೆ ಮಾತ್ರ ಅರ್ಥ ಹೇಳುವುದು ಅಂದಿನ ಪಠ್ಯಕೋಶಗಳ ರೂಢಿ. ಟೋಲ್ಕಿನ್ ಇದಕ್ಕೆ ವಿರುದ್ಧವಾಗಿ ದಿನಬಳಕೆಯ ಸಣ್ಣ ಪದಗಳಿಗೂ ಅವುಗಳ ನುಡಿಗಟ್ಟುಗಳಿಗೂ ಗಮನ ಕೊಟ್ಟ.

ಲೀಡ್ಸ್‌ನ ಸಹೋದ್ಯೋಗಿ ಇ.ವಿ. ಗಾರ್ಡನ್‌ನೊಂದಿಗೆ ಸಂಪಾದಿಸಿದ 'ಸರ್ ಗವೇನ್ ಅಂಡ್ ದಿ ಗ್ರೀನ್ ನೈಟ್' 1925ರಲ್ಲಿ ಬಂತು. ಕಾಟನ್ ನೀರೊ ಎ.ಹತ್ತು ಎಂಬ ಒಂದೇ ಹಸ್ತಪ್ರತಿಯಲ್ಲಿ ಉಳಿದುಬಂದ ಈ ಕಾವ್ಯದ ಭಾಷೆ ವಾಯವ್ಯ ಮಿಡ್‌ಲ್ಯಾಂಡ್ಸ್ ಪ್ರದೇಶದ್ದು. ಚಾಸರನ ಇಂಗ್ಲಿಷಿಗೆ ಪಳಗಿದ ವಿದ್ಯಾರ್ಥಿಗೂ ಅದು ಕಠಿಣ. ಪಾಠ ಮತ್ತು ಪದಕೋಶವನ್ನು ಮುಖ್ಯವಾಗಿ ಟೋಲ್ಕಿನ್, ಟಿಪ್ಪಣಿಗಳನ್ನು ಹೆಚ್ಚಾಗಿ ಗಾರ್ಡನ್ ನೋಡಿಕೊಂಡರು. ನಾರ್ಮನ್ ಡೇವಿಸ್ ಪರಿಷ್ಕರಿಸಿದ 1967ರ ಆವೃತ್ತಿಯ ರೂಪದಲ್ಲಿ ಇದು ಇಂದಿಗೂ ತರಗತಿಗಳಲ್ಲಿ ಬಳಕೆಯಲ್ಲಿದೆ. ಅದೇ ಹಸ್ತಪ್ರತಿಯ 'ಪರ್ಲ್' ಕಾವ್ಯವನ್ನೂ ಜೊತೆಯಾಗಿ ಸಂಪಾದಿಸುವ ಯೋಜನೆಯಿತ್ತು. 1938ರಲ್ಲಿ ಗಾರ್ಡನ್ ತೀರಿಕೊಂಡ. ಆತನ ಪತ್ನಿ ಐಡಾ ಗಾರ್ಡನ್ ಅದನ್ನು ಪೂರೈಸಿ 1953ರಲ್ಲಿ ಹೊರತಂದಳು.

ಎಬಿ ಭಾಷೆ

ಟೋಲ್ಕಿನ್‌ನ ವಿದ್ವತ್ ಬರಹಗಳಲ್ಲಿ ಅತ್ಯಂತ ಗಟ್ಟಿಯಾದುದು 1929ರ 'ಆಂಕ್ರೆನ್ ವಿಸ್ಸೆ ಅಂಡ್ ಹಾಲಿ ಮೆಯ್ದ್‌ಹಾಡ್' ಎಂಬ ಪ್ರಬಂಧ. ಮುಂದೆ ಹೇಳಲಿರುವ ಬಿಯೊವುಲ್ಫ್ ಉಪನ್ಯಾಸದಷ್ಟು ಇದು ಹೆಸರಾಗಿಲ್ಲ. ಆದರೆ ಕ್ಷೇತ್ರದ ಒಳಗಿನವರು ಈತನನ್ನು ನೆನೆಯುವುದು ಮೊದಲು ಇದರಿಂದ.

'ಆಂಕ್ರೆನ್ ವಿಸ್ಸೆ' ಹದಿಮೂರನೆಯ ಶತಮಾನದ ಆರಂಭದ ಗದ್ಯಕೃತಿ. ಚರ್ಚಿನ ಗೋಡೆಗೆ ಹೊಂದಿಸಿ ಕಟ್ಟಿದ ಕೋಣೆಯಲ್ಲಿ ಜೀವನಪೂರ್ತಿ ಏಕಾಂತವ್ರತ ಹಿಡಿದ ಸ್ತ್ರೀಯರಿಗೆ ಬರೆದ ಮಾರ್ಗದರ್ಶಿ ಇದು. ಇದರ ಒಂದು ಮುಖ್ಯ ಪ್ರತಿ ಕೇಂಬ್ರಿಜ್‌ನ ಕಾರ್ಪಸ್ ಕ್ರಿಸ್ಟಿ ಕಾಲೇಜಿನ 402ನೆಯ ಹಸ್ತಪ್ರತಿ. ಟೋಲ್ಕಿನ್ ಇದನ್ನು 'ಎ' ಎಂದು ಕರೆದ. 'ಬಿ' ಎಂಬುದು ಆಕ್ಸ್‌ಫರ್ಡ್‌ನ ಬಾಡ್ಲಿ 34. ಅದರಲ್ಲಿ ಕ್ಯಾಥರೀನ್, ಮಾರ್ಗರೆಟ್, ಜೂಲಿಯಾನಾ ಎಂಬ ಮೂವರು ಸಂತ ಸ್ತ್ರೀಯರ ಚರಿತ್ರೆ, ಕನ್ಯಾವ್ರತದ ಹಿರಿಮೆ ಹೇಳುವ 'ಹಾಲಿ ಮೆಯ್ದ್‌ಹಾಡ್', ಜೊತೆಗೆ 'ಸೌಲೆಸ್ ವಾರ್ಡೆ' ಇವೆ. ಎರಡೂ ಪ್ರತಿಗಳ ಕೈಬರಹ ಬೇರೆ ಬೇರೆ, ಅಂದರೆ ಲಿಪಿಕಾರರು ಇಬ್ಬರು. ಆದರೂ ಕಾಗುಣಿತ, ಪ್ರತ್ಯಯ, ಧ್ವನಿರೂಪ ಎಲ್ಲದರಲ್ಲೂ ಇವುಗಳ ಭಾಷೆ ಒಂದೇ ಎಂದು ಟೋಲ್ಕಿನ್ ತೋರಿಸಿದ.

ಇದು ಎಷ್ಟು ಅಸಾಧಾರಣ ಎಂಬುದು ಕನ್ನಡ ಓಲೆಗರಿ ಪ್ರತಿಗಳಲ್ಲಿ ಕೆಲಸ ಮಾಡಿದವರಿಗೆ ಕೂಡಲೇ ಹೊಳೆಯುತ್ತದೆ. ಹಳಗನ್ನಡ ಕಾವ್ಯವನ್ನು ನಕಲು ಮಾಡುವಾಗ ಪ್ರತಿಕಾರನ ಕಾಲದ ನಡುಗನ್ನಡ ರೂಪಗಳು ನುಸುಳಿಬಿಡುತ್ತವೆ. ಮಧ್ಯಕಾಲೀನ ಇಂಗ್ಲಿಷಿನಲ್ಲೂ ಹಾಗೆಯೇ: ಒಂದು ಸೀಮೆಯ ಪಾಠ ಇನ್ನೊಂದು ಸೀಮೆಯವನ ಕೈಯಲ್ಲಿ ಕಲಬೆರಕೆಯಾಗುತ್ತದೆ. ಎ ಮತ್ತು ಬಿ ಪ್ರತಿಗಳಲ್ಲಿ ಆ ಕಲಬೆರಕೆ ಕಾಣದು. ಟೋಲ್ಕಿನ್ ಮುಂದಿಟ್ಟ ಮುಖ್ಯ ಸಾಕ್ಷ್ಯ ಕ್ರಿಯಾಪದಗಳದು. ಪ್ರಾಚೀನ ಇಂಗ್ಲಿಷಿನ 'ದುರ್ಬಲ' ಕ್ರಿಯಾಪದಗಳ ಎರಡನೆಯ ವರ್ಗ ಈ ಭಾಷೆಯಲ್ಲಿ ಎರಡು ಕವಲಾಗಿದೆ. ಧಾತುವಿನ ಅಕ್ಷರ ಗುರುವಾಗಿದ್ದರೆ ಪ್ರತ್ಯಯ 'ಇನ್', ಲಘುವಾಗಿದ್ದರೆ 'ಇಎನ್'. ನೋಡು ಎಂಬರ್ಥದ ಕ್ರಿಯಾಪದ 'ಲೋಕಿನ್' ಆಗುತ್ತದೆ. ಮಾಡು ಎಂಬರ್ಥದ್ದು 'ಮಕಿಎನ್' ಆಗುತ್ತದೆ. ಕಿವಿಗೆ ಇದೊಂದು ಸಣ್ಣ ವ್ಯತ್ಯಾಸ. ಕಾಗುಣಿತದ ನಿಯಮವಾಗಿ ಕಂಠಪಾಠ ಮಾಡಿ ಇಷ್ಟು ಸೂಕ್ಷ್ಮವಾದ ಭೇದವನ್ನು ಪುಟಪುಟಗಳುದ್ದಕ್ಕೂ ತಪ್ಪದೆ ಪಾಲಿಸುವುದು ಕಷ್ಟ. ಅದು ಲಿಪಿಕಾರರ ಆಡುನುಡಿಯಲ್ಲೇ ಇರಬೇಕು, ಅವರು ನಕಲು ಮಾಡಿದ ಮೂಲದಲ್ಲೂ ಇರಬೇಕು.

ಇಲ್ಲಿಂದ ಟೋಲ್ಕಿನ್ ತೆಗೆದ ತೀರ್ಮಾನ ಇತಿಹಾಸಕ್ಕೆ ಸಂಬಂಧಿಸಿದ್ದು. 1066ರ ನಾರ್ಮನ್ ವಿಜಯದ ನಂತರ ಆಡಳಿತಕ್ಕೂ ವಿದ್ಯೆಗೂ ಫ್ರೆಂಚ್ ಮತ್ತು ಲ್ಯಾಟಿನ್ ಬಂದು, ಇಂಗ್ಲಿಷ್ ಗದ್ಯ ನೆಲೆ ಕಳೆದುಕೊಂಡಿತೆಂಬುದು ಪ್ರಚಲಿತ ನಂಬಿಕೆ. ಪಶ್ಚಿಮ ಮಿಡ್‌ಲ್ಯಾಂಡ್ಸ್‌ನ ಒಂದು ಮೂಲೆಯಲ್ಲಿ, ಬಹುಶಃ ಹೆರಿಫರ್ಡ್‌ಶೈರ್ ಸೀಮೆಯಲ್ಲಿ, ಹಳೆಯ ಬರವಣಿಗೆಯ ಶಿಸ್ತನ್ನು ಕಲಿಸುವ ಒಂದು ಕೇಂದ್ರ ಹದಿಮೂರನೆಯ ಶತಮಾನದಲ್ಲೂ ಜೀವಂತವಾಗಿತ್ತೆಂದು ಈತ ವಾದಿಸಿದ. 1976ರಲ್ಲಿ ಇ.ಜೆ. ಡಾಬ್ಸನ್ ಈ ಜಾಡು ಹಿಡಿದು ವಿಗ್ಮೋರ್ ಮಠದತ್ತ ಬೊಟ್ಟುಮಾಡಿದ. ಆ ಗುರುತಿಸುವಿಕೆಯನ್ನು ಈಗ ಎಲ್ಲರೂ ಒಪ್ಪುವುದಿಲ್ಲ. ಎರಡು ಪ್ರತಿಗಳ ಏಕರೂಪತೆ ಟೋಲ್ಕಿನ್ ಭಾವಿಸಿದಷ್ಟು ಪೂರ್ಣವಲ್ಲವೆಂದೂ ನಂತರದವರು ತೋರಿಸಿದ್ದಾರೆ. ಆದರೂ 'ಎಬಿ ಭಾಷೆ' ಎಂಬ ಹೆಸರು ಉಳಿದಿದೆ. ವಿರೋಧಿಸುವವರೂ ಅದೇ ಹೆಸರಿಟ್ಟುಕೊಂಡು ವಾದಿಸಬೇಕಾಗಿದೆ.

ಈ ದಾರಿಯಲ್ಲಿ ಟೋಲ್ಕಿನ್ ತನ್ನ ಹೆಸರಲ್ಲಿ ಪ್ರಕಟಿಸಿದ್ದಕ್ಕಿಂತ ಶಿಷ್ಯರ ಮೂಲಕ ಸಾಧಿಸಿದ್ದು ಹೆಚ್ಚೆನ್ನಬಹುದು. ಬೆಲ್ಜಿಯಂನ ಸಿಮೊನ್ ದಾರ್ಡೆನ್ 1936ರಲ್ಲಿ ಪ್ರಕಟಿಸಿದ ಸಂತ ಜೂಲಿಯಾನಾ ಚರಿತ್ರೆಯ ಸಂಪಾದನೆಯಲ್ಲಿ ಈತನ ಪಾಲು ದೊಡ್ಡದೆಂಬುದು ವಿದ್ವಾಂಸರ ಅಭಿಪ್ರಾಯ. 'ಆಂಕ್ರೆನ್ ವಿಸ್ಸೆ'ಯನ್ನು ಮೇರಿ ಸಲು ಆಧುನಿಕ ಇಂಗ್ಲಿಷಿಗೆ ತಂದ ಅನುವಾದಕ್ಕೆ (1955) ಈತ ಮುನ್ನುಡಿ ಬರೆದ. ಈತನೇ ಸಂಪಾದಿಸಿದ ಕಾರ್ಪಸ್ ಪ್ರತಿಯ ಪಾಠ ಪ್ರಾಚೀನ ಇಂಗ್ಲಿಷ್ ಪಠ್ಯ ಸಂಘದ ಮಾಲೆಯಲ್ಲಿ ಹೊರಬರಲು 1962 ಆಯಿತು. ಆಗಲೇ ನಿವೃತ್ತನಾಗಿ ಮೂರು ವರ್ಷ ಕಳೆದಿತ್ತು.

ಬಿಯೊವುಲ್ಫ್ ಉಪನ್ಯಾಸ

1936ರ ನವೆಂಬರ್ 25ರಂದು ಬ್ರಿಟಿಷ್ ಅಕಾಡೆಮಿಯಲ್ಲಿ ಓದಿ ಮರುವರ್ಷ ಪ್ರಕಟಿಸಿದ 'ಬಿಯೊವುಲ್ಫ್: ದಿ ಮಾನ್‌ಸ್ಟರ್ಸ್ ಅಂಡ್ ದಿ ಕ್ರಿಟಿಕ್ಸ್' ಬಿಯೊವುಲ್ಫ್ ಎಂಬ ಪ್ರಾಚೀನ ಇಂಗ್ಲಿಷ್ ಕಾವ್ಯದ ವಿಮರ್ಶೆಗೆ ಹೊಸ ದಿಕ್ಕು ತೋರಿತು. 3182 ಸಾಲುಗಳ ಈ ಕಾವ್ಯವನ್ನು ಅಲ್ಲಿಯವರೆಗೆ ಹೆಚ್ಚಿನವರು ಜರ್ಮಾನಿಕ್ ಬುಡಕಟ್ಟುಗಳ ಚರಿತ್ರೆ, ಪದ್ಧತಿ, ಪುರಾಣಗಳ ಗಣಿಯಾಗಿ ಅಗೆಯುತ್ತಿದ್ದರು. ಡಬ್ಲ್ಯು.ಪಿ. ಕೇರ್‌ನಂಥ ದೊಡ್ಡ ವಿಮರ್ಶಕನಿಗೂ, ಭವ್ಯವಾದ ಶೈಲಿಯನ್ನು ಕವಿ ಎರಡು ದೈತ್ಯರು ಮತ್ತು ಒಂದು ಡ್ರ್ಯಾಗನ್‌ನ ಕ್ಷುಲ್ಲಕ ಕಥೆಗೆ ಸುರಿದನಲ್ಲ ಎಂಬ ಕೊರಗಿತ್ತು. ದೈತ್ಯರೇ ಕಾವ್ಯದ ಕೇಂದ್ರ ಎಂಬುದು ಟೋಲ್ಕಿನ್‌ನ ಉತ್ತರ. ಗೆಲುವು ಎಷ್ಟೇ ದೊಡ್ಡದಾದರೂ ಕೊನೆಗೆ ಸೋಲುವುದು ನಿಶ್ಚಿತವೆಂದು ತಿಳಿದೂ ಮನುಷ್ಯ ಹೋರಾಡುವುದೇ ಅದರ ವಸ್ತು. ಮನುಷ್ಯ ಶತ್ರುವಿನೊಡನೆ ನಡೆಯುವ ಯುದ್ಧಕ್ಕೆ ಆ ಭಾರ ಹೊರುವ ಶಕ್ತಿಯಿಲ್ಲ. ಕಾವ್ಯದ ರಚನೆಯನ್ನೂ ಈತ ಹೀಗೆಯೇ ಸಮರ್ಥಿಸಿದ: 2199ನೆಯ ಸಾಲಿನವರೆಗೆ ನಾಯಕನ ಯೌವನ ಮತ್ತು ಏಳಿಗೆ, ಅಲ್ಲಿಂದ ಮುಂದೆ ಮುಪ್ಪು ಮತ್ತು ಸಾವು. ಕಥನ ಓಡುವ ಬದಲು ಎರಡು ತೂಕಗಳು ಎದುರುಬದುರಾಗಿ ನಿಲ್ಲುತ್ತವೆ.

ರಚನೆಯ ಕುರಿತ ಈ ಭಾಗವನ್ನು ಕೆನೆತ್ ಸಿಸಮ್ ಮುಂತಾದವರು ಪ್ರಶ್ನಿಸಿದರು. ಅವರ ಆಕ್ಷೇಪಗಳಲ್ಲಿ ಹುರುಳಿದೆ. ಗ್ರೆಂಡೆಲ್, ಅವನ ತಾಯಿ, ಡ್ರ್ಯಾಗನ್ ಎಂಬ ಮೂರು ಕಾಳಗಗಳ ಲೆಕ್ಕಕ್ಕೆ ಇಬ್ಭಾಗದ ಚೌಕಟ್ಟು ಸರಿಯಾಗಿ ಹೊಂದುವುದಿಲ್ಲ. ಆದರೆ ಬಿಯೊವುಲ್ಫನ್ನು ಮೊದಲು ಕಾವ್ಯವಾಗಿ ಓದಬೇಕೆಂಬ ಬೇಡಿಕೆಯನ್ನು ಆಮೇಲೆ ಯಾರೂ ತಳ್ಳಿಹಾಕಲಿಲ್ಲ. ಉಪನ್ಯಾಸದ ಹಿಂದಿದ್ದ ದೀರ್ಘ ಕರಡುಗಳನ್ನು ಮೈಕೆಲ್ ಡ್ರೌಟ್ 2002ರಲ್ಲಿ ಸಂಪಾದಿಸಿದ್ದಾನೆ. ಟೋಲ್ಕಿನ್ 1926ರ ಹೊತ್ತಿಗೇ ಮುಗಿಸಿದ್ದ ಬಿಯೊವುಲ್ಫ್ ಗದ್ಯಾನುವಾದ ಅಚ್ಚಾದದ್ದು 2014ರಲ್ಲಿ.

ಇತರ ಪ್ರಬಂಧಗಳಲ್ಲಿ ಮೂರನ್ನು ಹೆಸರಿಸಬೇಕು. ಚಾಸರ್ ತನ್ನ ಒಂದು ಕಥೆಯಲ್ಲಿ ಉತ್ತರದ ಉಪಭಾಷೆಯನ್ನು ಬಳಸಿದ ಬಗೆಯನ್ನು ಪರಿಶೀಲಿಸುವ 1934ರ ಲೇಖನ ಒಂದು. 1939ರ ಉಪನ್ಯಾಸ 'ಆನ್ ಫೇರಿ-ಸ್ಟೋರೀಸ್' (ಪ್ರಕಟಣೆ 1947) ಕಲ್ಪನಾಕಥೆಗೆ ಈತ ಕೊಟ್ಟ ಮೀಮಾಂಸೆ. 1953ರ 'ದಿ ಹೋಮ್‌ಕಮಿಂಗ್ ಆಫ್ ಬಿಯೋರ್ಟ್‌ನೋತ್' ಅರ್ಧ ನಾಟಕ, ಅರ್ಧ ಪ್ರಬಂಧ. 991ರ ಮಾಲ್ಡನ್ ಯುದ್ಧದಲ್ಲಿ ವೈಕಿಂಗರಿಗೆ ದಾರಿಬಿಟ್ಟ ಸೇನಾನಾಯಕನದು ಶೌರ್ಯವಲ್ಲ, ಇತರರ ಪ್ರಾಣವನ್ನು ಪಣವಾಗಿಟ್ಟ ಅಹಂಕಾರ ಎಂದು ಅದರಲ್ಲಿ ಈತ ಕಟುವಾಗಿ ಹೇಳಿದ.

ಕಥಾಕೃತಿಗಳು

'ದಿ ಹಾಬಿಟ್' 1937ರ ಸೆಪ್ಟೆಂಬರ್ 21ರಂದು ಆಲನ್ ಅಂಡ್ ಅನ್ವಿನ್ ಸಂಸ್ಥೆಯಿಂದ 1500 ಪ್ರತಿಗಳಲ್ಲಿ ಹೊರಬಂತು. ಆ ವರ್ಷಾಂತ್ಯದೊಳಗೆ ಪ್ರತಿಗಳು ಖಾಲಿಯಾದವು. ಕುಬ್ಜರ ಹೆಸರುಗಳು ಪ್ರಾಚೀನ ನಾರ್ಸ್ ಕಾವ್ಯ 'ವೊಲುಸ್ಪಾ'ದಿಂದ ಬಂದವು. ಡ್ರ್ಯಾಗನ್‌ನ ನಿಧಿಯಿಂದ ಬಟ್ಟಲು ಕದ್ದು ಅದನ್ನು ಕೆರಳಿಸುವ ಪ್ರಸಂಗ ಬಿಯೊವುಲ್ಫ್‌ನದು.

ಇದರ ಐದನೆಯ ಅಧ್ಯಾಯದ ಕಥೆಯನ್ನು ಗಮನಿಸಬೇಕು. ಮೊದಲ ಮುದ್ರಣದಲ್ಲಿ ಗಾಲಮ್ ಎಂಬ ಜೀವಿ ಕಥಾನಾಯಕನಾದ ಹಾಬಿಟ್ ಬಿಲ್ಬೊನೊಡನೆ ಆಡುವ ಒಗಟಿನ ಪಂದ್ಯಕ್ಕೆ ತನ್ನ ಮಾಂತ್ರಿಕ ಉಂಗುರವನ್ನೇ ಬಹುಮಾನವಾಗಿ ಒಡ್ಡುತ್ತಾನೆ, ಸೋತ ಮೇಲೆ ಅದು ಸಿಗದೆ ಕ್ಷಮೆ ಕೇಳುತ್ತಾನೆ. ಮುಂದಿನ ಕಾದಂಬರಿಯಲ್ಲಿ ಆ ಉಂಗುರ ಯಾರೂ ಮನಸಾರೆ ಬಿಟ್ಟುಕೊಡಲಾರದ ವಸ್ತುವಾಯಿತು. ಆಗ ಟೋಲ್ಕಿನ್ ಅಧ್ಯಾಯವನ್ನು ತಿದ್ದಿ 1947ರಲ್ಲಿ ಮಾದರಿಗೆಂದು ಪ್ರಕಾಶಕರಿಗೆ ಕಳಿಸಿದ. ಅವರು ಅದನ್ನೇ 1951ರ ಆವೃತ್ತಿಗೆ ಸೇರಿಸಿಬಿಟ್ಟರು. ಈಗ ಒಂದೇ ಘಟನೆಗೆ ಎರಡು ಮುದ್ರಿತ ಪಾಠಗಳಾದವು. ಟೋಲ್ಕಿನ್ ಹಳೆಯದನ್ನು ಅಳಿಸಲು ಹೋಗಲಿಲ್ಲ. ಮೊದಲನೆಯದು ಬಿಲ್ಬೊ ತನ್ನ ಹಕ್ಕನ್ನು ಸಮರ್ಥಿಸಿಕೊಳ್ಳಲು ಬರೆದ ಸುಳ್ಳು ವೃತ್ತಾಂತವೆಂದೂ ಕೆಲವು ಪ್ರತಿಗಳಲ್ಲಿ ಅದೇ ಉಳಿದಿದೆಯೆಂದೂ 'ದಿ ಲಾರ್ಡ್ ಆಫ್ ದಿ ರಿಂಗ್ಸ್' ಪೀಠಿಕೆಯಲ್ಲಿ ವಿವರಿಸಿದ. ಪಾಠಾಂತರಕ್ಕೆ ಕಾರಣ ಹುಡುಕುವ ಸಂಪಾದಕನ ಬುದ್ಧಿಯೇ ಇಲ್ಲಿ ಕಥೆ ಕಟ್ಟಿದೆ. ಇಡೀ ಕೃತಿ 'ಕೆಂಪು ಹೊತ್ತಗೆ'ಯೆಂಬ ಹಸ್ತಪ್ರತಿಯಿಂದ ಬಂದದ್ದೆಂಬ ಕಲ್ಪನೆಯೂ ಇದೇ ಮನೋಧರ್ಮದ್ದು.

ಯುದ್ಧಾನಂತರದ ಕಾಗದದ ಬೆಲೆಗೆ ಅಂಜಿ ಪ್ರಕಾಶಕರು 'ದಿ ಲಾರ್ಡ್ ಆಫ್ ದಿ ರಿಂಗ್ಸ್' ಕಾದಂಬರಿಯನ್ನು ಮೂರು ಸಂಪುಟವಾಗಿ ಒಡೆದರು: 1954ರ ಜುಲೈ ಮತ್ತು ನವೆಂಬರ್, 1955ರ ಅಕ್ಟೋಬರ್. ಟೋಲ್ಕಿನ್ ದೃಷ್ಟಿಯಲ್ಲಿ ಇದು ಆರು ಭಾಗಗಳ ಒಂದೇ ಕಾದಂಬರಿ. ಕೊನೆಯ ಸಂಪುಟವನ್ನು ತಡಮಾಡಿದವು ಅದರ ಅನುಬಂಧಗಳು, ಅಂದರೆ ವಂಶಾವಳಿ, ಕಾಲಗಣನೆ, ಲಿಪಿ ಮತ್ತು ಭಾಷೆಗಳ ಟಿಪ್ಪಣಿ. ಕಾದಂಬರಿಯ ರೋಹನ್ ನಾಡಿನ ಜನರ ಹೆಸರುಗಳು ಪ್ರಾಚೀನ ಇಂಗ್ಲಿಷಿನವು. 1965ರಲ್ಲಿ ಅಮೆರಿಕದ ಏಸ್ ಬುಕ್ಸ್ ಅನುಮತಿಯಿಲ್ಲದೆ ಅಗ್ಗದ ಆವೃತ್ತಿ ತಂದಾಗ ಹಕ್ಕು ಕಾಯ್ದುಕೊಳ್ಳಲು ಟೋಲ್ಕಿನ್ ಪಾಠವನ್ನು ಪರಿಷ್ಕರಿಸಿ ಬ್ಯಾಲಂಟೈನ್ ಸಂಸ್ಥೆಗೆ ಕೊಟ್ಟ. ಅಲ್ಲಿಂದ ಈ ಕೃತಿಯ ಮುದ್ರಿತ ಪಾಠಗಳೇ ಒಂದು ಅಧ್ಯಯನವಿಷಯವಾದವು. 2004ರ ಆವೃತ್ತಿಯಲ್ಲೂ ನೂರಾರು ತಿದ್ದುಪಡಿಗಳಾದವು.

ಸಣ್ಣ ಕೃತಿಗಳು: 'ಲೀಫ್ ಬೈ ನಿಗಲ್' (1945), 'ಫಾರ್ಮರ್ ಜೈಲ್ಸ್ ಆಫ್ ಹ್ಯಾಮ್' (1949), 'ದಿ ಅಡ್ವೆಂಚರ್ಸ್ ಆಫ್ ಟಾಮ್ ಬಾಂಬಡಿಲ್' (1962), 'ಸ್ಮಿತ್ ಆಫ್ ವೂಟನ್ ಮೇಜರ್' (1967).

ಮರಣೋತ್ತರ ಪ್ರಕಟಣೆಗಳು

ಎಲ್ಲಕ್ಕಿಂತ ಮೊದಲು ಆರಂಭವಾಗಿ ಬದುಕಿದ್ದಾಗ ಮುಗಿಯದೆ ಉಳಿದದ್ದು 'ದಿ ಸಿಲ್ಮರಿಲಿಯನ್'. ಮೊದಲ ಮಹಾಯುದ್ಧದ ದಿನಗಳಿಂದ ಕೊನೆಯವರೆಗೂ ಗದ್ಯದಲ್ಲಿ, ಪದ್ಯದಲ್ಲಿ, ಸಂಗ್ರಹವಾಗಿ, ವಿಸ್ತಾರವಾಗಿ ಮತ್ತೆ ಮತ್ತೆ ಬರೆದ ಪುರಾಣಕಥೆಗಳ ರಾಶಿಯದು. ಅದನ್ನು ಸಂಪಾದಿಸಿದ ಮಗ ಕ್ರಿಸ್ಟೊಫರ್ (1924-2020) ಸ್ವತಃ ನಾರ್ಸ್ ವಿದ್ವಾಂಸ. 1960ರಲ್ಲಿ ರಾಜ ಹೈಡ್ರೆಕ್‌ನ ಸಾಗಾವನ್ನು ಸಂಪಾದಿಸಿ ಅನುವಾದಿಸಿದ್ದವ. ಗೈ ಗೇವ್ರಿಯಲ್ ಕೇ ನೆರವಿನಿಂದ ಈತ 1977ರಲ್ಲಿ ತಂದದ್ದು ಒಂದೇ ಓಟದ, ಹೊಂದಾಣಿಕೆಯ ಪಾಠ. ಅದಕ್ಕಾಗಿ ಬೇರೆ ಬೇರೆ ಕಾಲದ ಪಾಠಗಳನ್ನು ಬೆಸೆಯಬೇಕಾಯಿತು. ಡೋರಿಯಾತ್ ರಾಜ್ಯದ ಪತನದ ಅಧ್ಯಾಯವನ್ನಂತೂ ಬಹುಮಟ್ಟಿಗೆ ಸಂಪಾದಕರೇ ಕಟ್ಟಬೇಕಾಯಿತು. ಇದನ್ನು ಅಂತಿಮ ಪಾಠವೆಂದು ಉಲ್ಲೇಖಿಸುವವರು ಈ ಸಂಗತಿಯನ್ನು ಮರೆಯಬಾರದು.

ಮುಂದೆ ಕ್ರಿಸ್ಟೊಫರ್ ಎದುರು ದಾರಿ ಹಿಡಿದ. ಹನ್ನೆರಡು ಸಂಪುಟಗಳ 'ದಿ ಹಿಸ್ಟರಿ ಆಫ್ ಮಿಡಲ್-ಅರ್ತ್' (1983-96) ಕರಡುಗಳನ್ನು ಕಾಲಾನುಕ್ರಮದಲ್ಲಿ, ಪಾಠಾಂತರಗಳ ಸಮೇತ ಮುದ್ರಿಸಿತು. ಆರರಿಂದ ಒಂಬತ್ತನೆಯ ಸಂಪುಟಗಳಲ್ಲಿ 'ದಿ ಲಾರ್ಡ್ ಆಫ್ ದಿ ರಿಂಗ್ಸ್' ಬೆಳೆದ ಬಗೆ ಹೆಜ್ಜೆಹೆಜ್ಜೆಗೂ ಕಾಣುತ್ತದೆ. ಮುಂದೆ ರಾಜನಾಗುವ ಅರಗಾರ್ನ್ ಮೊದಲ ಕರಡಿನಲ್ಲಿ ಮರದ ಪಾದರಕ್ಷೆ ತೊಟ್ಟ, ಟ್ರಾಟರ್ ಎಂಬ ಹೆಸರಿನ ಹಾಬಿಟ್. ಅವನಾರೆಂದು ಆಗ ಟೋಲ್ಕಿನ್‌ಗೂ ನಿಶ್ಚಯವಿರಲಿಲ್ಲ. 'ದಿ ಲಾರ್ಡ್ ಆಫ್ ದಿ ರಿಂಗ್ಸ್'ನ ಹಸ್ತಪ್ರತಿಗಳನ್ನು ಅಮೆರಿಕದ ಮಾರ್ಕೆಟ್ ವಿಶ್ವವಿದ್ಯಾಲಯ 1957ರಲ್ಲೇ ಕೊಂಡಿತ್ತು.

ವಿದ್ವತ್ತಿನ ಕಡೆಯಿಂದ ಮುಖ್ಯವಾದವು ಗವೇನ್, ಪರ್ಲ್, ಓರ್ಫಿಯೊ ಕಾವ್ಯಗಳ ಪದ್ಯಾನುವಾದ (1975), ಆಲನ್ ಬ್ಲಿಸ್ ಸಂಪಾದಿಸಿದ 'ಫಿನ್ ಅಂಡ್ ಹೆಂಗೆಸ್ಟ್' (1982) ಮತ್ತು ಪ್ರಬಂಧ ಸಂಕಲನ (1983). 'ದಿ ಲೆಜೆಂಡ್ ಆಫ್ ಸಿಗುರ್ಡ್ ಅಂಡ್ ಗುದ್ರೂನ್' (2009) ಹಾಗೂ ಅಪೂರ್ಣ 'ದಿ ಫಾಲ್ ಆಫ್ ಆರ್ಥರ್' (2013) ಹಳೆಯ ಜರ್ಮಾನಿಕ್ ಛಂದಸ್ಸಿನಲ್ಲಿವೆ. ಕನ್ನಡದ ಆದಿಪ್ರಾಸದಲ್ಲಿ ಸಾಲುಗಳ ಎರಡನೆಯ ಅಕ್ಷರಗಳು ಹೊಂದಬೇಕು. ಈ ಛಂದಸ್ಸಿನಲ್ಲಿ ಸಾಲಿನ ಎರಡು ಅರ್ಧಗಳಲ್ಲಿ ಒತ್ತು ಬೀಳುವ ಪದಗಳು ಒಂದೇ ಧ್ವನಿಯಿಂದ ಆರಂಭವಾಗಬೇಕು. ಆಧುನಿಕ ಇಂಗ್ಲಿಷಿನಲ್ಲಿ ಇದನ್ನು ಇಷ್ಟು ಕಟ್ಟುನಿಟ್ಟಾಗಿ ನಡೆಸಿದವರು ವಿರಳ. ಎರಡರಲ್ಲಿ ಆರ್ಥರ್ ಕಾವ್ಯವೇ ಮೇಲು. ಅದು ನಿಂತುಹೋದದ್ದು ನಿಜವಾದ ನಷ್ಟ.

'ದಿ ಚಿಲ್ಡ್ರನ್ ಆಫ್ ಹುರಿನ್' (2007), 'ಬೆರೆನ್ ಅಂಡ್ ಲೂಥಿಯನ್' (2017), 'ದಿ ಫಾಲ್ ಆಫ್ ಗಾಂಡಲಿನ್' (2018) ಕ್ರಿಸ್ಟೊಫರ್‌ನ ಕೊನೆಯ ಸಂಪಾದನೆಗಳಲ್ಲಿ ಸೇರಿವೆ. ಮೊದಲನೆಯದು ಅಖಂಡ ಕಥನ. ಉಳಿದೆರಡು ಒಂದೇ ಕಥೆಯ ಬೇರೆ ಬೇರೆ ಪಾಠಗಳ ಜೋಡಣೆ. ನಂತರ ಕಾರ್ಲ್ ಹಾಸ್ಟೆಟರ್ ಸಂಪಾದಿಸಿದ 'ದಿ ನೇಚರ್ ಆಫ್ ಮಿಡಲ್-ಅರ್ತ್' (2021), ಮಾಲ್ಡನ್ ಯುದ್ಧದ ಕುರಿತ ಬರಹಗಳ ಸಂಪುಟ (2023), ಕ್ರಿಸ್ಟೀನಾ ಸ್ಕಲ್ ಮತ್ತು ವೇಯ್ನ್ ಹ್ಯಾಮಂಡ್ ಸಂಪಾದಿಸಿದ ಮೂರು ಸಂಪುಟಗಳ ಸಮಗ್ರ ಕವಿತೆಗಳು (2024) ಬಂದಿವೆ. 1920ರ ದಶಕದಲ್ಲಿ ಜಾರ್ಜ್ ಎಸ್. ಗಾರ್ಡನ್‌ನೊಂದಿಗೆ ಕೈಹಾಕಿ ಕೈಬಿಟ್ಟ ಚಾಸರ್ ಸಂಕಲನವನ್ನು ಜಾನ್ ಬೋವರ್ಸ್ 2019ರಲ್ಲಿ ವಿವರವಾಗಿ ಪರಿಚಯಿಸಿದ್ದಾನೆ.